ಕೈಗೆ ಲಾಳಿ, ಕಿವಿಗೆ ಜಯಶ್ರೀ

ಶಿಗ್ಲಿಯ ನೇಕಾರರ ಓಣಿಯಲ್ಲಿ ಬೆಳೆದವರಿಗೆ ಸಿನಿಮಾ ಎಂದರೆ ಮೊದಲು ಕೇಳುವ ವಸ್ತು, ಆಮೇಲೆ ನೋಡುವುದು. ಮಗ್ಗದ ಕುಣಿಯಲ್ಲಿ ಕುಳಿತವರ ಕೈ ಲಾಳಿಯ ಹಗ್ಗದ ಮೇಲಿರುತ್ತದೆ, ಕಾಲು ತುಳಿಗೋಲಿನ ಮೇಲೆ, ಕಣ್ಣು ಹಾಸಿನ ಎಳೆಗಳ ಮೇಲೆ. ಒಂದು ಎಳೆ ಹರಿದದ್ದು ಕಣ್ಣಿಗೆ ಬೀಳದೆ ಮುಂದಕ್ಕೆ ಹೋದರೆ ಸೀರೆಗೆ ಕಲೆ ಕೂತಂತೆಯೇ. ಇಷ್ಟೆಲ್ಲದರ ನಡುವೆ ಮೈಯಲ್ಲಿ ಬಿಡುವಾಗಿರುವುದು ಕಿವಿಯೊಂದೇ. ಆ ಕಿವಿಗೆ ಏನಾದರೂ ಬೇಕಲ್ಲ? ಹಾಗಾಗಿ ನಮ್ಮಲ್ಲಿ ಮಗ್ಗದ ಗೂಟಕ್ಕೆ ರೇಡಿಯೋ ತೂಗುತ್ತಿತ್ತು. ಧಾರವಾಡ ಆಕಾಶವಾಣಿ 1950ರ ಜನವರಿ 8ರಂದು ಶುರುವಾದದ್ದು. ನನ್ನ ಅವ್ವನಿಗೆ ಅದು ತವರುಮನೆಯಿಂದಲೂ ಗೊತ್ತಿದ್ದ ನೆಂಟ. ಆಮೇಲೆ ಪಡಸಾಲಿಗೆ ಟಿವಿ ಬಂತು. ಬಂದರೇನು, ಮಗ್ಗ ಇದ್ದದ್ದು ಒಳಮನೆಯಲ್ಲಿ. ಭಾನುವಾರ ಸಂಜೆಯ ಕನ್ನಡ ಸಿನಿಮಾವನ್ನು ಓಣಿಯ ಹುಡುಗರೆಲ್ಲ ಪಡಸಾಲಿಯಲ್ಲಿ ಕೂತು ನೋಡುತ್ತಿದ್ದೆವು, ಅವ್ವ ಮತ್ತು ಅತ್ತಿ ಒಳಗಿನಿಂದ ಕೇಳುತ್ತಿದ್ದರು. ನಡುವೆ ಒಂದು ಬಾಗಿಲು, ಅದಕ್ಕೊಂದು ಪರದೆ.

ಕೇಳುವವರಿಗೆ ನೋಡುವವರಿಗಿಂತ ಹೆಚ್ಚು ಗೊತ್ತಿರುತ್ತದೆ ಎನ್ನುವುದು ನನಗೆ ತಿಳಿದದ್ದು ಆ ಬಾಗಿಲಿನಿಂದ. ಒಂದು ಸಂಜೆ ಸಿನಿಮಾ ಅರ್ಧಕ್ಕೆ ಬಂದಾಗ ಒಳಗಿನಿಂದ ಅವ್ವ ಕೇಳಿದಳು: ‘ಹೋದ ವಾರ ಬಂದಿದ್ದ ಹುಡುಗೀನ ಏನೋ ತಮ್ಮಾ ಇಕಿ?’ ನಾನು ಇಲ್ಲ ಎಂದೆ. ಹೋದ ವಾರದ್ದು ಮಾಧವಿ, ಈ ವಾರದ್ದು ಜಯಪ್ರದಾ. ಇಬ್ಬರ ಕಣ್ಣು ಬೇರೆ, ನಿಲುವು ಬೇರೆ, ನಗು ಬೇರೆ. ಅವ್ವ ಸ್ವಲ್ಪ ಹೊತ್ತು ಲಾಳಿ ನಿಲ್ಲಿಸಿದಳು. ‘ಮಾರಿ ಬ್ಯಾರೆ ಇದ್ದೀತಪಾ. ಧ್ವನಿ ಆಕೀದ ಐತಿ ನೋಡು.’ ಅತ್ತಿ ನೂಲಿನ ಕಂಡಕಿ ಸುತ್ತುತ್ತ ಹೌದೌದು ಎಂದಳು. ನಮಗೆ ಅದು ಹುಚ್ಚು ಮಾತಾಗಿ ಕಂಡಿತು. ಮಾಧವಿಯ ಬಾಯಿಂದ ಬಂದದ್ದು ಮಾಧವಿಯ ಮಾತಲ್ಲದೆ ಇನ್ಯಾರದು?

ಎಷ್ಟೋ ವರ್ಷಗಳ ಮೇಲೆ ನಾನು ಓದಿ ತಿಳಿದುಕೊಂಡೆ: ಆ ಕಾಲದಲ್ಲಿ ಬೇರೆ ಭಾಷೆಗಳಿಂದ ಬಂದು ಕನ್ನಡದಲ್ಲಿ ನಾಯಕಿಯರಾದ ಮಾಧವಿ, ಜಯಪ್ರದಾ ಮುಂತಾದವರಿಗೆ ದನಿ ಕೊಟ್ಟವರಲ್ಲಿ ರಂಗನಟಿ ಬಿ. ಜಯಶ್ರೀ ಒಬ್ಬರು. ಪರದೆಯ ಆಚೆ ಕುಳಿತು, ತೆರೆಯನ್ನು ಒಮ್ಮೆಯೂ ನೋಡದೆ, ಲಾಳಿಯ ಖಟಪಟದ ನಡುವೆ ಕೇಳಿ ಅವ್ವ ಅದನ್ನು ಹಿಡಿದಿದ್ದಳು. ಆ ಸುದ್ದಿಯನ್ನು ಅವಳಿಗೆ ಹೇಳಿದಾಗ ಅವಳಿಗೆ ಆಶ್ಚರ್ಯವೇನೂ ಆಗಲಿಲ್ಲ. ‘ಆಕೀ ಹೆಸರು ಜಯಶ್ರೀ ಅಂತೇನು? ಛಲೋ ಆತು, ಇಷ್ಟು ದಿನ ಹೆಸರ ಗೊತ್ತಿರಲಿಲ್ಲ’ ಎಂದಳು, ಬಹಳ ದಿನದ ಗೆಳತಿಯ ಊರು ಯಾವುದೆಂದು ಕೊನೆಗೂ ಕೇಳಿ ತಿಳಿದವಳ ಸಮಾಧಾನದಲ್ಲಿ.

ಅಂದಿನಿಂದ ಈ ದನಿಯ ಬೆನ್ನು ಹತ್ತಿದ್ದೇನೆ. ಒಬ್ಬ ನಟಿಯ ಬಾಳನ್ನು ಸಾಮಾನ್ಯವಾಗಿ ಮುಖದಿಂದ ಹೇಳುತ್ತಾರೆ: ಮೊದಲ ಪಾತ್ರ, ಮೊದಲ ಪೋಸ್ಟರ್, ಪ್ರಶಸ್ತಿ ಹಿಡಿದ ಫೋಟೋ. ಜಯಶ್ರೀಯವರ ಬಾಳನ್ನು ದನಿಯಿಂದ ಹೇಳಬೇಕು. ಯಾಕೆಂದರೆ ಅದು ಅವರು ಹುಟ್ಟುವ ಮೊದಲೇ ಶುರುವಾಗುತ್ತದೆ.

1884ರಲ್ಲಿ ತುಮಕೂರು ಸೀಮೆಯ ಗುಬ್ಬಿಯಲ್ಲಿ ಚನ್ನಬಸವೇಶ್ವರನ ಹೆಸರಿನಲ್ಲಿ ಒಂದು ನಾಟಕ ಸಂಘ ಹುಟ್ಟಿತು. ಅದರೊಳಕ್ಕೆ ಹುಡುಗನಾಗಿ ಬಂದ ವೀರಣ್ಣ ಮುಂದೆ ಅದರ ಮಾಲೀಕರಾದರು, ಗುಬ್ಬಿ ಕಂಪನಿ ಎಂದರೆ ವೀರಣ್ಣ ಎಂಬಂತಾಯಿತು. 1934ರಲ್ಲಿ ‘ಕುರುಕ್ಷೇತ್ರ’ ನಾಟಕಕ್ಕೆ ಅವರು ನಿಜವಾದ ಆನೆ ಕುದುರೆಗಳನ್ನೇ ರಂಗಕ್ಕೆ ತಂದರು ಎಂಬುದು ಇವತ್ತಿಗೂ ಕಥೆಯಂತೆ ಹೇಳುವ ಸಂಗತಿ. ಆದರೆ ಜನ ಅವರನ್ನು ಎದೆಯಲ್ಲಿಟ್ಟುಕೊಂಡದ್ದು ‘ಸದಾರಮೆ’ಯ ಕಳ್ಳನ ಪಾತ್ರದಿಂದ. ಬೆಳ್ಳಾವೆ ನರಹರಿಶಾಸ್ತ್ರಿಗಳ ಆ ನಾಟಕದಲ್ಲಿ ಕಳ್ಳ ಬರುವ ಹೊತ್ತಿಗಾಗಿಯೇ ಕಾದು ಕೂರುವವರಿದ್ದರು. ಕಳ್ಳನಿಗೆ ಆನೆ ಬೇಡ, ಕುದುರೆ ಬೇಡ, ಮಾತೊಂದಿದ್ದರೆ ಸಾಕು. ವೀರಣ್ಣನವರ ಮಗಳು ಮಾಲತಮ್ಮ. ಮಾಲತಮ್ಮನವರ ಮಗಳು ಜಯಶ್ರೀ, ಹುಟ್ಟಿದ್ದು 1950ರಲ್ಲಿ. ಬಹಳ ವರ್ಷಗಳ ನಂತರ ಈ ಮೊಮ್ಮಗಳೇ ಅಜ್ಜನ ಕಳ್ಳನ ಪಾತ್ರವನ್ನು ತಾನು ಹಾಕಿ ರಂಗಕ್ಕೆ ಬಂದಳು. ಹೆಣ್ಣಿನ ಪಾತ್ರವನ್ನು ಗಂಡಸರು ಹಾಕುತ್ತಿದ್ದ ಪರಂಪರೆಯಲ್ಲಿ ಅಜ್ಜನ ಪಾತ್ರವನ್ನು ಮೊಮ್ಮಗಳು ಹಾಕುವುದು, ಅದೂ ನಗಿಸಿ ನಗಿಸಿ ಹಾಕುವುದು, ನನಗೆ ಕನ್ನಡ ರಂಗಭೂಮಿಯ ದೊಡ್ಡ ಸಂತೋಷಗಳಲ್ಲಿ ಒಂದು.

ಕಂಪನಿ ನಾಟಕದ ದನಿ ಎಂದರೇನು ಎಂದು ಈಗಿನ ಮಕ್ಕಳಿಗೆ ಹೇಳಬೇಕಾದರೆ ಸ್ವಲ್ಪ ನಿಂತು ಹೇಳಬೇಕು. ಮೈಕಿಲ್ಲದ ಕಾಲದಲ್ಲಿ ಬೆಳೆದ ವಿದ್ಯೆ ಅದು. ಥೇಟರಿನಲ್ಲಿ ಮುಂದೆ ಕುರ್ಚಿ, ಹಿಂದೆ ಬೆಂಚು, ಆಮೇಲೆ ನೆಲ. ಕಡಿಮೆ ದುಡ್ಡು ಕೊಟ್ಟವನು ದೂರ ಕೂರುತ್ತಾನೆ, ಚಪ್ಪಾಳೆ ಸಿಳ್ಳೆ ಬರುವುದು ಮಾತ್ರ ಅಲ್ಲಿಂದಲೇ. ಅವನಿಗೆ ಮಾತು ಮುಟ್ಟದಿದ್ದರೆ ಮರುದಿನ ಊರಲ್ಲಿ ನಾಟಕದ ಹೆಸರಿಲ್ಲ. ಅಷ್ಟು ದೂರ ಮುಟ್ಟಿಸಲು ಕಿರುಚಿದರೆ ಹತ್ತು ದಿನದಲ್ಲಿ ಗಂಟಲು ಹೋಗುತ್ತದೆ, ಕಂಪನಿ ಒಂದು ಊರಿನಲ್ಲಿ ತಿಂಗಳುಗಟ್ಟಲೆ ಕ್ಯಾಂಪು ಹಾಕಿರುತ್ತದೆ. ಆದ್ದರಿಂದ ಮಾತು ಗಂಟಲಿನಿಂದ ಬರದೆ ಹೊಟ್ಟೆಯಿಂದ ಏಳಬೇಕು, ಪ್ರತಿ ಅಕ್ಷರ ತನ್ನ ಪೂರ್ಣ ಅಳತೆ ಪಡೆಯಬೇಕು, ಸಾಲಿನ ಕೊನೆಯ ಪದ ನುಂಗಿಹೋಗಬಾರದು. ಅಳುವಾಗಲೂ ಮಾತು ಕೇಳಬೇಕು. ಇದು ಬಲು ಕಷ್ಟ. ಅಳು ಬಂದರೆ ಮಾತು ಒಡೆಯುವುದು ಸಹಜ, ಒಡೆಯದೆ ಅಳುವುದು ಕಲೆ. ಕಾಲು ಪೆಟ್ಟಿಗೆಯ ಶ್ರುತಿ ಹಿಡಿದು ಮಾತಿನಿಂದ ಹಾಡಿಗೆ, ಹಾಡಿನಿಂದ ಮಾತಿಗೆ ಎಲ್ಲಿಯೂ ತಡವರಿಸದೆ ದಾಟಬೇಕು. ಚಿಕ್ಕ ಮಗುವಾಗಿದ್ದಾಗಲೇ ಕಂಪನಿಯ ರಂಗಕ್ಕೆ ಬಂದ ಜಯಶ್ರೀಯವರಿಗೆ ಇದೆಲ್ಲ ಊಟದ ಜೊತೆ, ನಿದ್ದೆಯ ಜೊತೆ ಬಂತು.

ಮಗ್ಗದ ಮನೆಯಲ್ಲಿ ಕುಳಿತು ಯೋಚಿಸಿದಾಗ ಹೊಳೆಯುವ ಮಾತೊಂದಿದೆ. ನವಿರಾದ, ಉಸಿರು ಬೆರೆಸಿ ಆಡುವ ದನಿಗಳು ಲಾಳಿಯ ಸದ್ದಿನಲ್ಲಿ ಮುಳುಗಿಹೋಗುತ್ತಿದ್ದವು. ‘ಏನಂದ್ಲು, ಏನಂದ್ಲು?’ ಎಂದು ಒಳಗಿನಿಂದ ಕೇಳುತ್ತಲೇ ಇರುತ್ತಿದ್ದರು, ನಾವು ಮುಖ ಗಂಟಿಕ್ಕಿ ಹೇಳುತ್ತಿದ್ದೆವು. ಜಯಶ್ರೀ ದನಿಗೆ ಆ ಪ್ರಶ್ನೆ ಬರಲಿಲ್ಲ. ನೆಲದಲ್ಲಿ ಕುಳಿತವನಿಗೆಂದು ತಿದ್ದಿದ ದನಿ, ಕುಣಿಯಲ್ಲಿ ಕುಳಿತವಳಿಗೂ ಸರಿಯಾಗಿ ಮುಟ್ಟಿತು.

ನಮ್ಮ ಸೀಮೆಗೂ ಈ ವಿದ್ಯೆ ಹೊಸದಲ್ಲ. ಪಕ್ಕದ ಶಿರಹಟ್ಟಿಯಲ್ಲಿ ವೆಂಕೋಬರಾಯರ ಕಂಪನಿ ಇತ್ತು, ಗದಗಿನಲ್ಲಿ ಗರುಡ ಸದಾಶಿವರಾಯರ ದತ್ತಾತ್ರೇಯ ನಾಟಕ ಮಂಡಳಿ ಇತ್ತು. ಗರುಡರ ‘ಎಚ್ಚಮನಾಯಕ’ದ ಸುದ್ದಿಯನ್ನು ನಮ್ಮ ಹಿರಿಯರು ಊಟ ಬಿಟ್ಟು ಹೇಳುತ್ತಿದ್ದರು. ಗದಗಿನ ವೀರೇಶ್ವರ ಪುಣ್ಯಾಶ್ರಮದ ಪಂಚಾಕ್ಷರಿ ಗವಾಯಿಗಳು, ಅವರ ನಂತರ ಪುಟ್ಟರಾಜ ಗವಾಯಿಗಳು, ಕಣ್ಣಿಲ್ಲದ ಮಕ್ಕಳಿಗೆ ಸಂಗೀತ ಕಲಿಸಿ, ಆಶ್ರಮದ ಅನ್ನಕ್ಕಾಗಿ ನಾಟಕ ಕಂಪನಿಯನ್ನೂ ಕಟ್ಟಿದರು. ಕಣ್ಣು ಕಾಣದವರು ನಡೆಸಿದ ನಾಟಕ ಕಂಪನಿ ಅದು. ದನಿಯನ್ನೇ ನಂಬಿ ಬದುಕಬಹುದು ಎನ್ನುವುದನ್ನು ಈ ಸೀಮೆ ಪುಸ್ತಕದಿಂದ ಕಲಿಯಬೇಕಾಗಿರಲಿಲ್ಲ. ಹೆಣ್ಣಿನ ದನಿಗೂ ಇಲ್ಲಿ ದೊಡ್ಡ ವಂಶವೇ ಇದೆ. ಬೀಳಗಿಯ ಅಕ್ಕತಂಗಿಯರು ಗೋಹರಬಾಯಿ ಮತ್ತು ಅಮೀರಬಾಯಿ ತಮ್ಮ ಹೆಸರಿನ ಮುಂದೆ ‘ಕರ್ನಾಟಕಿ’ ಎಂದು ಹಚ್ಚಿಕೊಂಡು ಮರಾಠಿ ರಂಗಭೂಮಿ, ಮುಂಬೈ ಸಿನಿಮಾ ಎರಡನ್ನೂ ಗೆದ್ದರು. 1943ರ ‘ಕಿಸ್ಮತ್’ ಚಿತ್ರದಲ್ಲಿ ಅಮೀರಬಾಯಿ ಹಾಡಿದ್ದನ್ನು ದೇಶವೆಲ್ಲ ಕೇಳಿತು.

ಜಯಶ್ರೀಯವರ ದಾರಿಯಲ್ಲಿ ನನಗೆ ತುಂಬ ಹಿಡಿಸುವುದು ಅವರು ಕಂಪನಿಯ ದನಿಯನ್ನು ಹೊತ್ತುಕೊಂಡು ದೆಹಲಿಗೆ ಹೋದದ್ದು. ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಆಗ ಇಬ್ರಾಹಿಂ ಅಲ್ಕಾಜಿಯವರು ಗುರು, ಶಿಸ್ತಿಗೆ ಹೆಸರಾದವರು. ಅಲ್ಲಿ ಕಲಿತು ಜಯಶ್ರೀ 1973ರಲ್ಲಿ ಹೊರಬಂದರು. ಹೀಗೆ ಕಲಿತು ಬಂದವರು ಎಷ್ಟೋ ಸಲ ತಮ್ಮ ಹಳೆಯ ಮನೆಯ ಬಾಗಿಲು ಮುಚ್ಚಿಬಿಡುತ್ತಾರೆ. ಕಂಪನಿ ನಾಟಕ ಎಂದರೆ ಅಬ್ಬರ, ಹಳತು, ಅತಿ ಎಂದು ಹವ್ಯಾಸಿಗಳು ಮೂಗು ಮುರಿಯುತ್ತಿದ್ದ ಕಾಲವದು. ಜಯಶ್ರೀ ಹಾಗೆ ಮಾಡಲಿಲ್ಲ. 1976ರಲ್ಲಿ ಬೆಂಗಳೂರಿನಲ್ಲಿ ‘ಸ್ಪಂದನ’ ಕಟ್ಟಿ, ‘ಲಕ್ಷಾಪತಿ ರಾಜನ ಕಥೆ’ಯಂಥ ಜನಪದದ ಜೀವವಿರುವ ನಾಟಕಗಳನ್ನು ಮಾಡಿದರು. ಚಂದ್ರಶೇಖರ ಕಂಬಾರರ ‘ಕರಿಮಾಯಿ’ ಕಾದಂಬರಿಯನ್ನು ರಂಗಕ್ಕೆ ತಂದರು. ಕಂಪನಿಯ ಹಾಡು, ಹಳ್ಳಿಯ ಕುಣಿತ, ಶಾಲೆಯಲ್ಲಿ ಕಲಿತ ಅಚ್ಚುಕಟ್ಟು ಮೂರೂ ಒಂದೇ ರಂಗದ ಮೇಲೆ ಬಂದವು. ಅದೇ ಗುಬ್ಬಿ ಕಂಪನಿಯಲ್ಲಿ ಹುಡುಗನಾಗಿ ಬೆಳೆದ ಬಿ. ವಿ. ಕಾರಂತರು ಕೂಡ ಹವ್ಯಾಸಿ ರಂಗಭೂಮಿಗೆ ಹಾಡನ್ನು ಮರಳಿ ತಂದವರು. ಒಂದೇ ಮನೆಯ ಅನ್ನ ಉಂಡ ಇಬ್ಬರು ಕನ್ನಡ ನಾಟಕದ ಕಿವಿ ತೆರೆಸಿದರು ಎನ್ನುವುದು ಆಕಸ್ಮಿಕ ಇರಲಾರದು.

ಮುಂದಿನ ಮನ್ನಣೆಗಳೆಲ್ಲ ಬಲ್ಲವರಿಗೆ ಗೊತ್ತು: 1996ರ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ, ಮೈಸೂರಿನ ರಂಗಾಯಣದ ನಿರ್ದೇಶಕಿ, 2010ರಲ್ಲಿ ರಾಜ್ಯಸಭೆಗೆ ನಾಮಕರಣ, 2013ರಲ್ಲಿ ಪದ್ಮಶ್ರೀ. ಇವನ್ನು ಬೇಗ ದಾಟುತ್ತೇನೆ. ನನ್ನ ಮನಸ್ಸು ಮತ್ತೆ ಆ ಕತ್ತಲ ಕೋಣೆಗೆ ಹೋಗುತ್ತದೆ.

ಡಬ್ಬಿಂಗ್ ಕೋಣೆ. ಕಂಪ್ಯೂಟರ್ ಬರುವ ಮೊದಲು ಅಲ್ಲಿ ನಡೆಯುತ್ತಿದ್ದ ಕೆಲಸ ಹೀಗಿತ್ತು: ಸಿನಿಮಾದ ಒಂದು ತುಣುಕನ್ನು ಕತ್ತರಿಸಿ, ಎರಡೂ ತುದಿ ಅಂಟಿಸಿ ಬಳೆಯಂತೆ ಮಾಡುತ್ತಿದ್ದರು. ಅದಕ್ಕೆ ಲೂಪ್ ಎನ್ನುತ್ತಿದ್ದರು. ಅದು ಪ್ರೊಜೆಕ್ಟರಿನಲ್ಲಿ ಸುತ್ತಿ ಸುತ್ತಿ ಬರುತ್ತದೆ, ತೆರೆಯ ಮೇಲೆ ನಾಯಕಿ ಅದೇ ಮಾತನ್ನು ಮತ್ತೆ ಮತ್ತೆ ಆಡುತ್ತಾಳೆ. ಮೈಕಿನ ಮುಂದೆ ನಿಂತ ನಟಿ ಆ ತುಟಿಗಳನ್ನು ನೋಡುತ್ತ ಮಾತಿಡಬೇಕು. ಅವಳು ಬಾಯಿ ತೆರೆದಾಗ ಇವಳ ಅಕ್ಷರ ಹೊರಬೀಳಬೇಕು, ಅವಳು ತುಟಿ ಮುಚ್ಚಿದಾಗ ಇವಳ ಪ, ಬ, ಮ ಕೂಡಿ ಬರಬೇಕು. ಅವಳು ಮೆಟ್ಟಿಲು ಓಡಿ ಹತ್ತಿದ್ದರೆ ನಿಂತಲ್ಲೇ ನಿಂತ ಇವಳಿಗೆ ಏದುಸಿರು ಬರಬೇಕು. ಅಲ್ಲಿ ಹೊರಗಿನ ಬೆಳಕಿಲ್ಲ, ಬಣ್ಣವಿಲ್ಲ, ಸೀರೆಯಿಲ್ಲ, ಎದುರು ನಾಯಕನಿಲ್ಲ, ಚಪ್ಪಾಳೆ ಇಲ್ಲ. ಹೊರಗೆ ಪೋಸ್ಟರಿನಲ್ಲಿ ಹೆಸರೂ ಇಲ್ಲ. ಕಂಪನಿಯಲ್ಲಿ ಹತ್ತಾರು ಸಾಲು ದಾಟಬೇಕಾಗಿದ್ದ ದನಿ ಇಲ್ಲಿ ಒಂದು ಗೇಣು ದೂರದ ಮೈಕಿಗೆ ಒಪ್ಪಬೇಕು. ದೊಡ್ಡದನ್ನು ಚಿಕ್ಕದು ಮಾಡುವುದು ಚಿಕ್ಕದನ್ನು ದೊಡ್ಡದು ಮಾಡುವುದಕ್ಕಿಂತ ಕಷ್ಟ ಎಂದು ಕಲಾವಿದನಲ್ಲದ ನನಗೂ ಅನಿಸುತ್ತದೆ.

ಇದರಲ್ಲಿ ಇನ್ನೊಂದು ಸೊಗಸಿದೆ. ರಾಜ್‌ಕುಮಾರ್ ಗುಬ್ಬಿ ಕಂಪನಿಯಲ್ಲಿ ಪಳಗಿದವರು. 1954ರ ‘ಬೇಡರ ಕಣ್ಣಪ್ಪ’ದ ನಿರ್ಮಾಣದಲ್ಲೂ ಗುಬ್ಬಿಯ ಹೆಸರಿತ್ತು. ವೀರಣ್ಣನವರ ಮನೆಯ ಗರಡಿಯಿಂದ ನಾಯಕನೂ ಬಂದ, ಮುಂದೆ ಅಂಥ ನಾಯಕರ ಎದುರು ನಿಂತ ನಾಯಕಿಯರಿಗೆ ಮಾತೂ ಅದೇ ಮನೆಯ ಮೊಮ್ಮಗಳಿಂದ ಬಂತು. ತೆರೆಯ ಮೇಲೆ ಕಂಡ ಚೆಲುವೆ ಯಾವ ಊರಿನಿಂದಲೇ ಬಂದಿರಲಿ, ಅವಳ ಕನ್ನಡ ಮಾತ್ರ ಕನ್ನಡದ ಅತಿ ಹಳೆಯ ರಂಗಮನೆಯೊಂದರದು. ಕನ್ನಡ ಬಾರದ ನಾಯಕಿಯರ ಬಗ್ಗೆ ದೂರು ಹೇಳುವವರು ಈ ಒಂದು ಭಾಗ್ಯವನ್ನೂ ನೆನೆಯಬೇಕು ಎಂದು ನನ್ನ ಆಸೆ.

ಇನ್ನು ‘ನಾಗಮಂಡಲ’. 1997ರ ಈ ಚಿತ್ರದ ಬಗ್ಗೆ ಬರೆಯಲು ಕುಳಿತರೆ ನನಗೆ ಊರ ಹೆಮ್ಮೆ ಉಕ್ಕುತ್ತದೆ. ಕಾರಣ ಹೇಳುತ್ತೇನೆ. ಎ. ಕೆ. ರಾಮಾನುಜನ್ ಅವರಿಂದ ಕೇಳಿದ ಜನಪದ ಕಥೆಗಳಿಂದ ಗಿರೀಶ ಕಾರ್ನಾಡರು ಬರೆದ ನಾಟಕವನ್ನು ಟಿ. ಎಸ್. ನಾಗಾಭರಣ ತೆರೆಗೆ ತಂದರು. ಇಡೀ ಚಿತ್ರ ಉತ್ತರ ಕರ್ನಾಟಕದ ಮಾತಿನಲ್ಲಿದೆ. ಆ ಮಾತು, ಆ ಹಾಡುಗಳನ್ನು ಬರೆದವರು ಗೋಪಾಲ ವಾಜಪೇಯಿ. ಸಿನಿಮಾದಲ್ಲಿ ಅವರ ಹೆಸರು ಗೋಪಾಲ ಯಾಜ್ಞಿಕ್. ಅವರು ಹುಟ್ಟಿದ್ದು ಲಕ್ಷ್ಮೇಶ್ವರದಲ್ಲಿ. ನಮ್ಮ ಶಿಗ್ಲಿಯವರು ಸಂತೆಗೆ, ದವಾಖಾನೆಗೆ, ಬೀಗರೂಟದ ಬಟ್ಟೆಗೆ ಹೋಗುವ ಲಕ್ಷ್ಮೇಶ್ವರ, ಈಗ ನಮ್ಮ ತಾಲ್ಲೂಕು. ಹಿಂದೆ ಅದು ಪುಲಿಗೆರೆ. ಒಂಬತ್ತನೆಯ ಶತಮಾನದ ‘ಕವಿರಾಜಮಾರ್ಗ’ ಕನ್ನಡದ ತಿರುಳು ಎಲ್ಲಿದೆ ಎಂದು ಹೇಳುವಾಗ ಕಿಸುವೊಳಲು, ಕೊಪಣ, ಒಂಕುಂದಗಳ ಜೊತೆ ಹೆಸರಿಸಿದ ಪುಲಿಗೆರೆ. ತನ್ನ ಭಾರತ ಆ ಊರಿನ ಕನ್ನಡದಲ್ಲಿದೆ ಎಂದು ಪಂಪ ಹೆಮ್ಮೆಪಟ್ಟ ಪುಲಿಗೆರೆ. ಅಂಥ ಊರಿನಲ್ಲಿ ಹುಟ್ಟಿದವರು ಬರೆದ ಮಾತು, ಗುಬ್ಬಿ ಮನೆಯಲ್ಲಿ ಹುಟ್ಟಿದ ನಟಿಯ ನಾಲಿಗೆಯ ಮೇಲೆ ಕೂತಿತು.

ಜಯಶ್ರೀಯವರದು ಕುರುಡವ್ವನ ಪಾತ್ರ. ಕಣ್ಣಿಲ್ಲದ ಮುದುಕಿ, ಮಗ ಕಪ್ಪಣ್ಣ ಅವಳನ್ನು ಹೊತ್ತು ತಿರುಗುತ್ತಾನೆ. ಗಂಡನ ಒಲವಿಲ್ಲದೆ ಬೀಗ ಹಾಕಿದ ಮನೆಯೊಳಗೆ ಬಿದ್ದಿರುವ ರಾಣಿಗೆ ಬೇರು ಕೊಟ್ಟು, ಅರೆದು ಗಂಡನಿಗೆ ಕುಡಿಸು ಎನ್ನುವವಳು ಅವಳೇ. ರಾಣಿ ಹೆದರಿ ಅದನ್ನು ಹುತ್ತಕ್ಕೆ ಸುರಿಯುತ್ತಾಳೆ, ನಾಗ ಕುಡಿಯುತ್ತದೆ, ಕಥೆ ಅಲ್ಲಿಂದ ಬೆಳೆಯುತ್ತದೆ. ಕುರುಡವ್ವ ರಾಣಿಯನ್ನು ಕಂಡವಳಲ್ಲ. ಕಿಟಕಿಯ ಆಚೆಯಿಂದ ದನಿ ಕೇಳಿ, ಕೈಯಿಂದ ಮುಟ್ಟಿ, ಆ ಹುಡುಗಿಯ ಇಡೀ ದುಃಖವನ್ನು ತಿಳಿದುಕೊಳ್ಳುತ್ತಾಳೆ. ಇಂಥ ಪಾತ್ರಕ್ಕೆ ಕಣ್ಣಿನ ಅಭಿನಯದ ಆಸರೆ ಇಲ್ಲ. ಮಾತು ಮತ್ತು ಕೈಬೆರಳು, ಎರಡೇ. ಕಾರ್ನಾಡರ ನಾಟಕದಲ್ಲಿ ಕೊನೆಕೊನೆಗೆ ಕಪ್ಪಣ್ಣ ಕಾಣೆಯಾಗಿ, ಅವಳು ಮಗನ ಹೆಸರು ಕೂಗುತ್ತ ಅಲೆಯುತ್ತಾಳೆ. ಹೆಸರು ಹಿಡಿದು ಕರೆಯುವುದರಿಂದಲೇ ಕಟ್ಟಿದ ಪಾತ್ರವದು.

ನಮ್ಮ ಕಡೆಯ ಮಾತನ್ನು ಸಿನಿಮಾದಲ್ಲಿ ಕೇಳಿ ಕೇಳಿ ನಾವು ನೊಂದವರು. ಹಳ್ಳಿಗಮಾರ ಬಂದರೆ, ಆಳುಮಗ ಬಂದರೆ, ನಗಿಸುವವನು ಬಂದರೆ ಮಾತ್ರ ‘ಏನ್ಲೇ, ಹೋಗ್ಲೇ’ ಎಂದು ಎರಡು ಮಾತು ಒಗೆಯುತ್ತಾರೆ. ಅದೂ ಧಾರವಾಡದ್ದೂ ಅಲ್ಲ, ಗದಗಿನದ್ದೂ ಅಲ್ಲ, ಯಾವ ಊರಿನ ಹೆಣ್ಣುಮಗಳೂ ಹಾಗೆ ಮಾತಾಡಿದ್ದನ್ನು ನಾನು ಕೇಳಿಲ್ಲ. ಕುರುಡವ್ವನ ಮಾತು ಕೇಳಿದಾಗ ಆದ ಸುಖವೇ ಬೇರೆ. ಅಲ್ಲಿ ಏಳುವ ದನಿ ಏಳುವಲ್ಲಿ ಎದ್ದಿತು, ಎಳೆಯುವ ಅಕ್ಷರವನ್ನು ಬೇಕಾದಷ್ಟೇ ಎಳೆದರು, ‘ಯವ್ವಾ’ ಎನ್ನುವಾಗಿನ ಆ ಮಮತೆ ಮತ್ತು ಗದರಿಕೆ ಎರಡೂ ಅದರಲ್ಲೇ ಇದ್ದವು. ಅತ್ತಿ ಆ ಚಿತ್ರವನ್ನು ಟಿವಿಯಲ್ಲಿ ಕೇಳಿದಾಗ, ಹೌದು, ಅವಳು ಆಗಲೂ ಕಂಡಕಿ ಸುತ್ತುತ್ತಲೇ ಇದ್ದಳು, ಒಂದು ಮಾತು ಅಂದಳು: ‘ಈ ಮುದುಕಿ ನಮ್ಮ ಓಣ್ಯಾಕಿನ ಐತೆಳ.’ ಒಬ್ಬ ನಟಿಗೆ ಇದಕ್ಕಿಂತ ದೊಡ್ಡ ಬಿರುದನ್ನು ಶಿಗ್ಲಿ ಕೊಡಲಾರದು.

ದನಿ ಇಲ್ಲದೆ ನಟಿ ಏನಾಗುತ್ತಾಳೆ ಎಂದು ಕೇಳಿದ ಚಿತ್ರವೊಂದನ್ನು ಸ್ವೀಡನ್‌ನ ಇಂಗ್ಮಾರ್ ಬರ್ಗ್‌ಮನ್ 1966ರಲ್ಲಿ ಮಾಡಿದ್ದಾರೆ, ‘ಪರ್ಸೋನಾ’. ಎಲಿಸಬೆಟ್ ಎಂಬ ನಟಿ ನಾಟಕದ ನಡುವೆ ಮಾತು ನಿಲ್ಲಿಸಿಬಿಡುತ್ತಾಳೆ, ಆಮೇಲೆ ಬದುಕಿನಲ್ಲೂ ಮಾತಿಲ್ಲ. ಅವಳನ್ನು ನೋಡಿಕೊಳ್ಳಲು ಬಂದ ನರ್ಸ್ ಆಲ್ಮಾ ಇಡೀ ಸಿನಿಮಾ ಮಾತಾಡುತ್ತಾಳೆ. ಮೌನದ ನಟಿಯಾಗಿ ಲಿವ್ ಉಲ್‌ಮನ್, ಮಾತಿನ ನರ್ಸ್ ಆಗಿ ಬೀಬಿ ಆಂಡರ್ಸನ್. ಕೊನೆಕೊನೆಗೆ ಒಬ್ಬಳ ಮುಖ ಇನ್ನೊಬ್ಬಳ ಮುಖದಲ್ಲಿ ಬೆರೆತುಹೋಗುತ್ತದೆ. ಅದನ್ನು ನೋಡುವಾಗ ನನಗೆ ನಮ್ಮ ಡಬ್ಬಿಂಗ್ ಕೋಣೆ ನೆನಪಾಯಿತು. ಒಬ್ಬಳಿಗೆ ಮುಖ, ಒಬ್ಬಳಿಗೆ ಮಾತು. ಇಬ್ಬರೂ ಸೇರಿದರೆ ಒಂದು ಹೆಣ್ಣು. ಬರ್ಗ್‌ಮನ್‌ಗೆ ಅದು ಭಯ ಹುಟ್ಟಿಸುವ ಸಂಗತಿ. ನಮ್ಮ ಒಳಮನೆಯವರಿಗೆ ಅದರಲ್ಲಿ ಭಯವಿರಲಿಲ್ಲ. ಮಾತಿನವಳೇ ಅವರಿಗೆ ಪೂರ್ತಿ ಹೆಣ್ಣು.

ಅದೇ ಸ್ವೀಡನ್‌ನಲ್ಲಿ ದೊಡ್ಡವರ ಪರಭಾಷಾ ಚಿತ್ರಗಳನ್ನು ಅಡಿಬರಹ ಹಾಕಿ ತೋರಿಸುತ್ತಾರೆ, ಮಕ್ಕಳ ಚಿತ್ರಗಳಿಗೆ ಮಾತ್ರ ತಮ್ಮ ಭಾಷೆಯ ದನಿ ಕೊಡುತ್ತಾರೆ. ಅಲ್ಲಿನ ರಂಗಭೂಮಿ, ಸಿನಿಮಾ, ಟಿವಿ ನಟಿಯರು ಮಕ್ಕಳ ಕಾರ್ಟೂನುಗಳಿಗೆ ದನಿಯಾಗುವುದು ಮಾಮೂಲು. ನಮ್ಮಲ್ಲಿ ಕಥೆ ಬೇರೆ ಆಯಿತು. 1960ರ ದಶಕದಲ್ಲಿ ಅ.ನ.ಕೃ., ಮ. ರಾಮಮೂರ್ತಿ ಮುಂತಾದವರು ಬೇರೆ ಭಾಷೆಯ ಚಿತ್ರಗಳನ್ನು ಕನ್ನಡಕ್ಕೆ ಡಬ್ಬಿಂಗ್ ಮಾಡುವುದರ ವಿರುದ್ಧ ಎದ್ದು ನಿಂತರು. ಪರಭಾಷೆಯ ಚಿತ್ರಗಳ ಹೊಳೆಯಲ್ಲಿ ಕನ್ನಡದ ಎಳೆಯ ಉದ್ಯಮ ಕೊಚ್ಚಿಹೋಗುತ್ತದೆ ಎಂಬ ಅವರ ಆತಂಕ ಆ ಕಾಲಕ್ಕೆ ನಿಜವಾಗಿತ್ತು, ಅವರ ಹೋರಾಟದಿಂದ ಕನ್ನಡ ಚಿತ್ರರಂಗ ಉಳಿಯಿತು, ಬೆಳೆಯಿತು. ಆದರೆ ಕಾಲ ಸರಿದ ಮೇಲೂ ಆ ಬಾಗಿಲು ಮುಚ್ಚಿಯೇ ಉಳಿದದ್ದರಿಂದ ನಮ್ಮ ಮಕ್ಕಳು ಕಾರ್ಟೂನನ್ನು ಹಿಂದಿಯಲ್ಲೋ ಇಂಗ್ಲಿಷಿನಲ್ಲೋ ತಮಿಳಿನಲ್ಲೋ ನೋಡಿ ಬೆಳೆದರು. 2009ರಲ್ಲಿ ಚಿಂಟು ಟಿವಿ ಬಂದಾಗ ಓಣಿಯ ಮಕ್ಕಳ ಬಾಯಲ್ಲಿ ಮೊದಲ ಸಲ ಕಾರ್ಟೂನಿನ ಕನ್ನಡ ಕೇಳಿದ್ದು ನನಗೆ ನೆನಪಿದೆ. 2015ರಲ್ಲಿ ಸ್ಪರ್ಧಾ ಆಯೋಗ ಡಬ್ಬಿಂಗ್ ತಡೆಯುವಂತಿಲ್ಲ ಎಂದು ಆದೇಶ ಕೊಟ್ಟಿತು. 2020ರ ಲಾಕ್‌ಡೌನಿನಲ್ಲಿ ಸ್ಟಾರ್ ಸುವರ್ಣದಲ್ಲಿ ಕನ್ನಡ ಮಾತಾಡಿದ ‘ಮಹಾಭಾರತ’ ಬಂದಾಗ, ನೂಲು ಬರದೆ ಮಗ್ಗಗಳು ನಿಂತಿದ್ದ ದಿನಗಳಲ್ಲಿ, ನಮ್ಮ ಹೆಣ್ಣುಮಕ್ಕಳು ಪಡಸಾಲಿಗೆ ಬಂದು ಕೂತು ನೋಡಿದರು. ನನಗೆ ಆ ಧಾರಾವಾಹಿಯಲ್ಲಿ ದ್ರೌಪದಿಯ ಮಾತು ಹಿಡಿಸಿತು. ಅವಳ ಹಿಂದೆ ಯಾವ ಕನ್ನಡದ ಹುಡುಗಿ ನಿಂತಿದ್ದಾಳೆ ಎಂದು ತಿಳಿಯುವ ಆಸೆ ಆಯಿತು. ದನಿ ಕೊಟ್ಟವರ ಹೆಸರನ್ನು ಪ್ರತಿ ಸಂಚಿಕೆಯ ಕೊನೆಯಲ್ಲಿ, ಓದಲು ಸಾಕಾಗುವಷ್ಟು ಹೊತ್ತು ತೋರಿಸಬೇಕು. ಇದು ನನ್ನ ಗಟ್ಟಿ ಬೇಡಿಕೆ; ಅವ್ವನಂಥವರಿಗೆ ಒಂದು ಹೆಸರು ಗೊತ್ತಾಗಲು ಅಷ್ಟು ವರ್ಷ ಹಿಡಿಯಬಾರದು.

ಈಗ ಸಂಜೆಗಳು ಧಾರಾವಾಹಿಗಳವು. ಜಯಶ್ರೀಯವರೂ ಧಾರಾವಾಹಿಗಳಲ್ಲಿ ನಟಿಸಿದ್ದಾರೆ. ರಂಗಭೂಮಿಯಿಂದಲೇ ಬಂದ ಉಮಾಶ್ರೀಯವರು 2021ರ ಕೊನೆಯಿಂದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯ ಪುಟ್ಟಕ್ಕನಾಗಿ ಮೆಸ್ ನಡೆಸುತ್ತ ನಮ್ಮೂರಿನ ಮನೆಮನೆಗೆ ಬಂದರು. ‘ಒಡಲಾಳ’ದ ಸಾಕವ್ವ, ‘ಗುಲಾಬಿ ಟಾಕೀಸ್’ನ ಗುಲಾಬಿ, ಆಮೇಲೆ ಪುಟ್ಟಕ್ಕ. ಅವರನ್ನೂ ನಾನು ಕಣ್ಣುಮುಚ್ಚಿ ಕೇಳುತ್ತೇನೆ. ರಂಗದ ಮೇಲೆ ಪಳಗಿದ ದನಿಗೂ ನೇರ ಕ್ಯಾಮೆರಾದ ಮುಂದೆ ಹುಟ್ಟಿದ ದನಿಗೂ ಇರುವ ಅಂತರ ಕಣ್ಣುಮುಚ್ಚಿದರೆ ಕ್ಷಣದಲ್ಲಿ ತಿಳಿಯುತ್ತದೆ. ಹೊಸಬರಲ್ಲಿ ಚೆನ್ನಾಗಿ ನಟಿಸುವವರು ಬೇಕಾದಷ್ಟಿದ್ದಾರೆ. ಆದರೆ ಮಾತಿನ ಕೊನೆಯ ಪದವನ್ನು ಉಸಿರಿಗೆ ಕೊಟ್ಟುಬಿಡುತ್ತಾರೆ. ಆ ಪದವನ್ನು ಕಾಯುವುದು ಕಲಿಸಲು ಈಗ ಕಂಪನಿಗಳು ಎಷ್ಟು ಉಳಿದಿವೆ?

ನಮ್ಮ ಓಣಿಯಲ್ಲಿ ಮಗ್ಗಗಳು ಕಡಿಮೆಯಾಗಿವೆ. ಉಳಿದಲ್ಲಿ ವಿದ್ಯುತ್ ಮಗ್ಗ. ಅದರ ಸದ್ದಿನಲ್ಲಿ ರೇಡಿಯೋ ಕೇಳಲಾಗುವುದಿಲ್ಲ, ಹುಡುಗರು ಕಿವಿಯೊಳಗೆ ಇಯರ್‌ಫೋನ್ ಸಿಕ್ಕಿಸಿಕೊಂಡು ನೇಯುತ್ತಾರೆ. ನನ್ನ ತಂಗಿಯ ಮಗಳು ಕಾಲೇಜಿಗೆ ಹೋಗುತ್ತ ಮನೆಯಲ್ಲಿ ನೂಲು ಸುತ್ತುತ್ತಾಳೆ. ಅವಳಿಗೆ ದನಿ ಕೊಡುವ ಹುಚ್ಚು. ಮೊಬೈಲಿನಲ್ಲಿ ಯಾವುದೋ ಕಾರ್ಟೂನಿನ ಸದ್ದು ಮುಚ್ಚಿ ಅದರ ನರಿಗೆ, ಮೊಲಕ್ಕೆ ತಾನೇ ಮಾತು ಹಾಕುತ್ತಾಳೆ. ಬೆಂಗಳೂರಿನ ಸ್ಟುಡಿಯೋ ಒಂದಕ್ಕೆ ತನ್ನ ದನಿ ಕಳಿಸಿದಳು. ದನಿ ಚೆನ್ನಾಗಿದೆ, ಆದರೆ ಆ ಕಡೆಯ ಎಳೆತ ಬೇಡ, ಎಲ್ಲರಿಗೂ ತಿಳಿಯುವ ಕನ್ನಡದಲ್ಲಿ ಕಳಿಸಿ ಎಂದು ಉತ್ತರ ಬಂತು. ಹುಡುಗಿ ಸಪ್ಪಗಾದಳು. ‘ಮಾಮಾ, ನಾ ಹಂಗ ಮಾತಾಡ್ಲಿಕ್ಕೆ ಕಲೀಲೇನು?’ ಎಂದು ಕೇಳಿದಳು.

ಕಲಿ ಎಂದೆ. ಗುಬ್ಬಿಯ ಮನೆಯವರು ನಮ್ಮ ಮಾತು ಕಲಿತು, ಕುರುಡವ್ವನಾಗಿ ನಮ್ಮ ಓಣಿಯವರೇ ಎನಿಸಿಕೊಂಡರು; ನೀನು ಅವರ ಮಾತು ಕಲಿತರೆ ತಪ್ಪೇನಿಲ್ಲ, ನಿನ್ನದನ್ನು ಮರೆಯದಿದ್ದರೆ ಸಾಕು ಎಂದೆ. ಆಮೇಲೆ ಅವಳನ್ನು ಕೂರಿಸಿಕೊಂಡು ‘ನಾಗಮಂಡಲ’ ಹಾಕಿದೆ. ಅವ್ವನೂ ಬಂದು ಕೂತಳು, ಈಗ ಅವಳಿಗೆ ಕಣ್ಣು ಮಂಜು, ತೆರೆ ಸರಿಯಾಗಿ ಕಾಣುವುದಿಲ್ಲ. ಕುರುಡವ್ವ ಬಂದ ಕಡೆಯಲ್ಲೆಲ್ಲ ಹುಡುಗಿ ನಿಲ್ಲಿಸಿ, ಹಿಂದಕ್ಕೆ ಹಾಕಿ, ಮತ್ತೆ ಕೇಳಿದಳು. ಒಂದೊಂದು ಮಾತನ್ನು ತಾನೂ ಅಂದಳು. ಅವ್ವ ತಿದ್ದಿದಳು: ‘ಹಂಗಲ್ಲ, ಆಕಿ ಅಲ್ಲಿ ಉಸುರು ತಗೊಂಡಿಲ್ಲ ನೋಡು. ಪೂರಾ ಅಂದು ಆಮ್ಯಾಲೆ ತಗೊಂಡಾಳ.’ ಹುಡುಗಿ ಮತ್ತೆ ಅಂದಳು. ಈ ಸಲ ಉಸಿರು ಸರಿಯಾದ ಜಾಗಕ್ಕೆ ಬಿತ್ತು. ‘ಹ್ಞಾಂ’ ಎಂದಳು ಅವ್ವ, ‘ಇನ್ನೊಮ್ಮೆ ಅನ್ನು.’